ಎಲುಬಿನ ಹಕ್ಕಿಯ ಕೂಗು

ನಮ್ಮ ಕಾಕಾಗೆ ಬದುಕಿರುವ ಹಕ್ಕಿಗಳೆಂದರೆ ಅಷ್ಟಕ್ಕಷ್ಟೆ! ಗೋಗಿ ಊರಿನ ಅವರ ಹೊಲಕ್ಕೆ ಕಾಲುವೆ ನೀರು ಬಂದು ಭತ್ತದ ಗದ್ದೆಯಾದ ಮೇಲೆ ಕೊಕ್ಕರೆ, ಟಿಟ್ಟಿಭ, ಗೊರವ ಎಲ್ಲವೂ ಬಂದವು. ಇವರು ತಲೆಯೆತ್ತಿಯೂ ನೋಡಲಿಲ್ಲ. ಇವರ ಜೀವವೆಲ್ಲ, ಸತ್ತು ಲಕ್ಷಾಂತರ ವರ್ಷವಾದ ಒಂದು ಹಕ್ಕಿಯ ಮೇಲೆ. ನೀರಂಚಿನ ಕೆಸರಿನಲ್ಲಿ ಓಡಾಡಿಕೊಂಡಿತ್ತಂತೆ. ಈಗ ಉಳಿದಿರುವುದು ಕಲ್ಲಾಗಿಹೋದ ನಾಲ್ಕು ಎಲುಬು, ಅದೂ ಪರದೇಶದಲ್ಲಿ! ಯಾವುದೋ ಹಳೇ ಪತ್ರಿಕೆಯಲ್ಲಿ ಓದಿದ್ದರು. ಕೊನೆಗೊಂದು ಸಾಲಿತ್ತು: ಇದರ ಕೂಗು ಹೇಗಿತ್ತೆಂದು ಯಾರಿಗೂ ಗೊತ್ತಿಲ್ಲ.

ಅಷ್ಟು ಸಾಕಾಯಿತು.

"ನಾ ಕೇಳೇ ಕೇಳ್ತೀನಿ!" ಎಂದು ಹಟ ಹಿಡಿದರು. ಯಾವಾಗ? ಯಾದಗಿರಿಯ ಕಿವಿ ಡಾಕ್ಟರು "ಎಡಗಿವಿ ಹೋಗಿದೆ, ಬಲಗಿವಿಯೂ ಹೊರಟಿದೆ" ಎಂದು ಹೇಳಿ ಕಳಿಸಿದ ವಾರವೇ! ಕಿವಿ ಪೂರ್ತಿ ಮುಚ್ಚುವುದರೊಳಗೆ ಆ ಕೂಗು ಕೇಳಬೇಕು. ಕೂಗುವವನು? ಸುರಪುರದ ಕಂಡಕ್ಟರನಿಂದ ಹಿಡಿದು ಊರಗೌಡರ ಎಮ್ಮೆಯವರೆಗೆ ಎಲ್ಲರ ದನಿ ಕದ್ದು ಮೆರೆಯುವ ನಾನು.

"ಸತ್ತ ಹಕ್ಕಿ ಬಿಟ್ಟು ಕಿವಿಗಿ ಮಷಿನ್ ಹಾಕ್ಕೋರಿ" ಎಂದಳು ಕಾಕಾನ ಹೆಂಡತಿ, ನಮ್ಮ ಚಿಗವ್ವ.

"ಹಾಕ್ಕೊಂಡ್ರ ಬರೇ ನೀನs ಕೇಳಸ್ತಿ!" ಎಂದರು ಕಾಕಾ.

ದಿನಾ ಸಂಜೆ ಕಾಲುವೆ ಏರಿಯ ಮೇಲೆ ನಮ್ಮ ಕಚೇರಿ. ಮೊದಲ ದಿನ ಗಂಟಲು ಸರಿಮಾಡಿಕೊಂಡು ಕೂಗಿದೆ.

"ಇದು ಟಿಟ್ಟಿಭ ಲೇ. ನಿನ್ನೀನೂ ಕೇಳೀನಿ."

ಗೊರವದ ಕೂಗಿಗೆ ಒಂದಿಷ್ಟು ನವಿಲು ಬೆರೆಸಿದೆ.

"ನವಿಲಿಗಿ ನೆಗಡಿ ಆಗ್ಯಾದ. ಮುಂದ!"

ಸಿಟ್ಟು ಬಂದು ಇನ್ನೊಂದು ಎಳೆದೆ. ಕಾಕಾ ಬೆಚ್ಚಿ ಮನೆ ಕಡೆ ನೋಡಿದರು. "ತಡಿ, ನಿಮ್ಮ ಚಿಗವ್ವ ಕರಿಯಾಕತ್ತಾಳ!"

ಕರೆದದ್ದು ನಾನೇ!

"ಇದ್ದದ್ದನ್ನ ಅಣಕಸಬಹುದ್ರಿ ಕಾಕಾ. ಯಾರೂ ಕೇಳಲಾರದ್ದನ್ನ ಹ್ಯಾಂಗ ಅಣಕಸ್ಲಿ?"

"ಆ ಹಕ್ಕಿ ನವಿಲಿನ ಸಾಲ್ಯಾಗ ಕಲ್ತಿತ್ತೇನು? ಯಾರ್ದೂ ಅಲ್ಲದ್ದು ತೆಗಿ. ಬರ್ತದ!"

ನನ್ನ ಗಂಟಲು ಹರಿದು ಚಿಂದಿಯಾಯಿತು, ಅವರ ಹಟ ಹರಿಯಲಿಲ್ಲ. ದಿನ ಹೋದಂತೆ ನಾನು ಹೆಚ್ಚು ಜೋರಾಗಿ ಕೂಗಬೇಕಾಯಿತು. ಅವರು ಹೆಚ್ಚು ಹತ್ತಿರ ಕೂಡತೊಡಗಿದರು.

ಒಂದು ಸಂಜೆ ಅದು ಬಂದುಬಿಟ್ಟಿತು! ಯಾವುದರ ಹಾಗಿತ್ತು ಎಂದು ಕೇಳಬೇಡಿ, ಯಾವುದರ ಹಾಗೂ ಇರಲಿಲ್ಲ. ಗದ್ದೆಯಲ್ಲಿ ಸಸಿ ಹಚ್ಚುತ್ತಿದ್ದ ಹೆಂಗಸರು ಮಾತು ನಿಲ್ಲಿಸಿ ನನ್ನತ್ತ ತಿರುಗಿದರು. "ಕಾಕಾ, ಬಂತ್ರಿ!" ಎಂದು ಕುಣಿದೆ.

ಕಾಕಾ ನೀರು ನೋಡುತ್ತ ಕುಳಿತೇ ಇದ್ದರು. ಆಮೇಲೆ ಹೆಂಗಸರ ಮುಖ ಕಂಡರು. ತಮಗೆ ಕೇಳಿಸಲಿಲ್ಲವೆಂದು ಅವರಿಗೆ ಅರ್ಥವಾಯಿತು. ಮೆಲ್ಲಗೆ ಎದ್ದು ಬಂದು ನನ್ನ ಗಂಟಲ ಮೇಲೆ ಅಂಗೈ ಇಟ್ಟರು.

"ಮತ್ತೊಮ್ಮಿ ಕೂಗಪಾ."

ಕೂಗಿದೆ. ಕಣ್ಣು ಮುಚ್ಚಿಕೊಂಡರು.

"ಭಾಳ ಸಣ್ಣ ಹಕ್ಕಿ ಅದಪಾ…" ಎಂದರು. ಕೈ ತೆಗೆಯಲಿಲ್ಲ.