ಮುಅಯ್ಯದ್ ಹಿಡಿದು ತಂದ ಮೌನ

"ದೇವರು ನಿನಗೆ ಕಿವಿ ಕೊಟ್ಟಿದ್ದು ಕನ್ನಡಕ ಸಿಕ್ಕಿಸೋಕೆ ಕಣೋ!" ನಿರ್ದೇಶಕ ನಿಹಾದ್ ಇಡೀ ಚಿತ್ರತಂಡದೆದುರು ಕಿರುಚಿದ. "ಮದುವೆ ವಿಡಿಯೋದವನನ್ನ ಸಿನಿಮಾಕ್ಕೆ ಕರೆದೆನಲ್ಲ, ನನ್ನ ತಲೆ!"

ನಾಬ್ಲುಸ್ ಊರಿನ ಮದುವೆಗಳಲ್ಲೆಲ್ಲ ಕ್ಯಾಮೆರಾ ಹೊತ್ತು, ಚೆಕ್‌ಪೋಸ್ಟಿನ ಸೈನಿಕರನ್ನೆಲ್ಲ ಮೈಕು ಬಂದೂಕಲ್ಲವೆಂದು ನಂಬಿಸಿ ನಂಬಿಸಿ ಸುಸ್ತಾದ ಮೇಲೆ ಮುಅಯ್ಯದನಿಗೆ ಧ್ವನಿ ಹಿಡಿಯುವ ಕೆಲಸಕ್ಕೆ ಸಿಕ್ಕ ಮೊದಲ ಸಿನಿಮಾ ಇದು. ಶೂಟಿಂಗ್ ಅವನ ಮನೆಯಂಗಳದಲ್ಲೇ. ನಟರ ಮಾತುಗಳ ಸಂದಿಗೆ ತುಂಬಲು ಅದೇ ಅಂಗಳದ ಒಂದು ನಿಮಿಷ ಮೌನ ಬೇಕಿತ್ತು. ಅವನ ಯಂತ್ರದಲ್ಲಿ ಸಿಕ್ಕಿದ್ದು ತಾಮ್ರದ ಪಾತ್ರೆ ಬಡಿಯುವವನ ಸುತ್ತಿಗೆ, ಊರಿನ ರೇಡಿಯೋಗಳು, ಒಂದು ಕತ್ತೆ.

"ಸಂಜೆಯೊಳಗೆ ಮೌನ ತಂದ್ರೆ ಕೆಲಸ. ಇಲ್ಲಾಂದ್ರೆ ಮದುವೆ ಮನೆಗೆ ನಡಿ," ಎಂದು ನಿಹಾದ್ ತಂಡದೊಂದಿಗೆ ಕಾಫಿ ಅಂಗಡಿಗೆ ಹೋದ.

ಮುಅಯ್ಯದ್ ಬೇಡಿಕೊಳ್ಳುವವನಂತೆ ಎದೆಯ ಮೇಲೆ ಕೈಯಿಟ್ಟುಕೊಂಡು ಮನೆಮನೆ ಅಲೆದ. ಅವಮಾನಕ್ಕೆ ಕಣ್ಣು ಕೆಂಡವಾಗಿತ್ತು.

"ಏನಾಯ್ತೋ ಮಗಾ?" ಪಕ್ಕದ ಮನೆಯ ಉಮ್ ಜರೀರ್ ಕೇಳಿದಳು.

"ಈಗೇನೂ ಕೇಳ್ಬೇಡಮ್ಮಾ. ರೇಡಿಯೋ ಆರಿಸು, ಸಾಕು."

ಅವನು ಅಂಗಳದ ಬಾಗಿಲು ಹಾಕಿಕೊಂಡ. ಉಮ್ ಜರೀರ್ ತಾಮ್ರದ ಅಬೂ ಶಾಕಿರನ ಕಡೆ ನೋಡಿದಳು. "ಅವನಮ್ಮ ಜೆನಿನಿಗೆ ಹೋಗಿದ್ಲಲ್ವಾ? ಪಾಪ, ಅಲ್ಲೇ ಹೋಗಿಬಿಟ್ಲೇನೋ!"

ಸುತ್ತಿಗೆ ತಟ್ಟನೆ ನಿಂತಿತು. ಪ್ಲಾಸ್ಟಿಕ್ ಕುರ್ಚಿಗಳು ಬಂದವು. ಸಾವಿನ ಮನೆಯ ಸಕ್ಕರೆಯಿಲ್ಲದ ಕಾಫಿ ಕುದಿಯಿತು. 'ಮುಅಯ್ಯದನ ಅಮ್ಮ ಹೋದಳು' ಎಂದು ಹೊರಟ ಸುದ್ದಿ ಕಾಫಿ ಅಂಗಡಿ ಮುಟ್ಟುವಷ್ಟರಲ್ಲಿ ಅಮ್ಮನನ್ನು ದಾರಿಯಲ್ಲೇ ಬಿಟ್ಟು 'ಮುಅಯ್ಯದ್ ಹೋದ' ಎಂದಾಗಿತ್ತು.

ಒಳಗೆ ಮುಅಯ್ಯದ್ ಹೆಡ್‌ಫೋನ್ ಹಾಕಿಕೊಂಡು ಸ್ವರ್ಗದಲ್ಲಿದ್ದ. ಎಂಥ ಮೌನ! ಗುಬ್ಬಿ ಕೂಡ ಕೆಮ್ಮಲಿಲ್ಲ. ಒಂದೇ ನಿಮಿಷ ಬೇಕಿದ್ದವನು ದುರಾಸೆಯಿಂದ ಅರ್ಧ ಗಂಟೆ ಹಿಡಿದ.

ಗೆದ್ದವನಂತೆ ಬಾಗಿಲು ತೆರೆದರೆ ಓಣಿ ತುಂಬ ತಲೆ ತಗ್ಗಿಸಿದ ಜನ. ಮುಂದಿನ ಕುರ್ಚಿಯಲ್ಲಿ ಕಣ್ಣೊರೆಸಿಕೊಳ್ಳುತ್ತಿದ್ದ ನಿಹಾದ್ ಅವನನ್ನು ಕಂಡು ಕಾಫಿಯನ್ನು ಮೈಮೇಲೆ ಚೆಲ್ಲಿಕೊಂಡ.

"ಅಯ್ಯೋ, ನೀನು ಸತ್ತಿಲ್ವೇನೋ?"

"ಇಲ್ಲ ಸಾರ್! ಮೌನ ಸಿಕ್ತು! ಕೇಳಿ!"

ನಿಹಾದ್ ಕೇಳಿದ. ಮುಖ ಅರಳಿತು. "ಮುತ್ತು ಕಣೋ, ಮುತ್ತು! ಇಂಥ ಕಿವಿ ಈ ದೇಶದಲ್ಲೇ ಇಲ್ಲ." ಆಮೇಲೆ ಪಕ್ಕದ ಕುರ್ಚಿಯ ದಢೂತಿ ಮನುಷ್ಯನ ಹೆಗಲ ಮೇಲೆ ಕೈಯಿಟ್ಟ. "ಆದ್ರೆ ಈಗಷ್ಟೇ ನಿನ್ನ ಜಾಗ ನಮ್ಮ ಭಾವನಿಗೆ ಕೊಟ್ಟೆ. ನಿನ್ನ ಸಾವಿನ ಕಾಫಿ ಕುಡಿದು, ಓಣಿಯ ಹಿರಿಯರ ಮುಂದೆ ಕೊಟ್ಟ ಮಾತು. ಹೇಗಪ್ಪಾ ವಾಪಸ್ ತಗೊಳ್ಳಲಿ?"

"ಅದ್ಹೇಗೆ ಆಗುತ್ತೆ?" ಹಿರಿಯರೆಲ್ಲ ತಲೆಯಾಡಿಸಿದರು.

ಭಾವ ಎದ್ದು, ಮುಅಯ್ಯದನ ಕೊರಳಿನ ಹೆಡ್‌ಫೋನನ್ನು ಮೆಲ್ಲನೆ ಬಿಡಿಸಿಕೊಂಡು ತಿರುಗಿಸಿ ನೋಡಿದ. "ಅಣ್ಣಾ, ಇದರಲ್ಲಿ ಎಡಗಿವೀದು ಯಾವ್ದು?"

ಮುಅಯ್ಯದ್ ಕುರ್ಚಿಗಳ ನಡುವೆ ದಾರಿ ಮಾಡಿಕೊಂಡು ನಡೆದುಬಿಟ್ಟ.