ನನ್ನ ಸಾಕ್ಷಿ ಬೇಡವಾದ ಮೊಕದ್ದಮೆ

ನೆರೆಯವರು ಕಾರು ಕೊಂಡಾಗ, ಮಾಳಿಗೆಯ ಮೇಲೆ ಇನ್ನೊಂದು ಮಾಳಿಗೆ ಏರಿಸಿದಾಗ ನನಗೆ ಹೊಟ್ಟೆಕಿಚ್ಚಾದದ್ದಿಲ್ಲ. ಮೂವತ್ತು ವರ್ಷ ಹೈಸ್ಕೂಲಿನಲ್ಲಿ ಗಣಿತ ಕಲಿಸಿದವನಿಗೆ ಅಂಥ ಆಸೆಗಳೆಲ್ಲ ತಾವಾಗಿಯೇ ಉದುರಿಹೋಗಿರುತ್ತವೆ. ಆದರೆ ಈ ಅರವತ್ತಮೂರನೆಯ ವಯಸ್ಸಿನಲ್ಲಿ, ಒಂದು ಕ್ರಿಮಿನಲ್ ಕೇಸು ರಾಜಿಯಾಗಿ ಮುಗಿದದ್ದನ್ನು ಕಂಡು ನಾನು ಹೊಟ್ಟೆ ಉರಿದುಕೊಂಡೆ. ಜಗಳ ಮುಗಿದರೆ ಮನುಷ್ಯರಾದವರು ಸಂತೋಷಪಡುತ್ತಾರೆ. ನಾನು ಮೂರು ದಿನ ಸರಿಯಾಗಿ ಊಟ ಮಾಡಲಿಲ್ಲ. ಹೆಂಡತಿ ಕೇಳಿದಾಗ ಪಿತ್ತ ಎಂದು ಹೇಳಿ ತಪ್ಪಿಸಿಕೊಂಡೆ.

ಧಾರವಾಡದಲ್ಲಿ ನಮ್ಮ ಪಕ್ಕದ ಮನೆ ಶಂಕ್ರಣ್ಣನದು. ಅಮ್ಮಿನಬಾವಿಯವನು, ಕೃಷಿ ಇಲಾಖೆಯಿಂದ ನಿವೃತ್ತನಾದವನು. ಹದಿನೆಂಟು ವರ್ಷ ಪ್ರತಿದಿನ ಬೆಳಿಗ್ಗೆ ನಾವಿಬ್ಬರೂ ಕೆಲಗೇರಿ ಕೆರೆಯ ದಂಡೆಯ ಮೇಲೆ ತಿರುಗಾಡಿದ್ದೇವೆ. ಅವನು ಮಾತಾಡುತ್ತಿದ್ದ, ನಾನು ತಿದ್ದುತ್ತಿದ್ದೆ. ಇದಕ್ಕಿಂತ ಒಳ್ಳೆಯ ಸ್ನೇಹ ಇರಲು ಸಾಧ್ಯವಿಲ್ಲ ಎಂದೇ ನಾನು ತಿಳಿದಿದ್ದೆ. ಅವನ ಆಚೆಯ ಮನೆಗೆ, ಹುಬ್ಬಳ್ಳಿಯಲ್ಲಿ ರೈಲ್ವೆ ನೌಕರಿ ಮುಗಿಸಿದ ಗುರುರಾಜರಾಯರು ಬಂದರು. ಅವರ ಹಿತ್ತಲಲ್ಲಿ ಒಂದು ನುಗ್ಗೆಗಿಡ. ಅದರ ಟೊಂಗೆ ಕಂಪೌಂಡ್ ದಾಟಿ ಬಂದು ಶಂಕ್ರಣ್ಣನ ಅಂಗಳದಲ್ಲಿ ಕಂಬಳಿಹುಳ ಉದುರಿಸತೊಡಗಿತು.

"ರಾಯರ, ನಿಮ್ಮ ಗಿಡಾ ನಮ್ಮ ಅಂಗಳದಾಗ ಹುಳಾ ಚೆಲ್ಲಾಕತ್ತೈತ್ರಿ," ಎಂದ ಶಂಕ್ರಣ್ಣ.

"ಕಾಯಿ ಬಿದ್ದಾಗ ಸಾರು ಮಾಡ್ಕೊಂಡು ಉಂಡ್ರಿ. ಆವಾಗ ಯಾಕ ಸುಮ್ಮನಿದ್ರಿ?" ಎಂದರು ರಾಯರು.

ಶಂಕ್ರಣ್ಣ ಕುಡಗೋಲು ತಂದು ಟೊಂಗೆಗೆ ಕೈಹಾಕಿದ. ರಾಯರು ಕಂಪೌಂಡ್ ಏರಿ ಕುಡಗೋಲಿಗೇ ಕೈಹಾಕಿದರು. ಜಗ್ಗಾಟದಲ್ಲಿ ರಾಯರ ಅಂಗೈಗೆ ನಾಲ್ಕು ಹೊಲಿಗೆ ಬಿದ್ದವು, ಶಂಕ್ರಣ್ಣನ ಮೇಲೆ ಕೇಸು ಬಿತ್ತು. ಆಯುಧದಿಂದ ಗಾಯ ಮಾಡಿದ್ದು ಎಂದು ಪೊಲೀಸರು ಹಚ್ಚಿದ ಕಲಮೂ ಜೋರಿನದೇ. ಇದನ್ನೆಲ್ಲ ಮೊದಲಿನಿಂದ ಕೊನೆಯವರೆಗೆ ನೋಡಿದವನು, ಮಾಳಿಗೆಯ ಮೇಲೆ ಸಂಡಿಗೆ ಕಾಯುತ್ತ ಕೂತಿದ್ದ ನಾನೊಬ್ಬನೇ.

ನಾನು ಪ್ರತ್ಯಕ್ಷ ಸಾಕ್ಷಿಯಾದೆ. ನಿವೃತ್ತಿಯಾದ ಮೇಲೆ ನನ್ನ ಮಾತನ್ನು ಯಾರಾದರೂ ಬರೆದುಕೊಂಡದ್ದು ಅದೇ ಮೊದಲು. ಹೆಂಡತಿಯನ್ನು ವಕೀಲಳನ್ನಾಗಿ ಮಾಡಿ ಅಡಿಗೆಮನೆಯಲ್ಲೇ ತಾಲೀಮು ಆರಂಭಿಸಿದೆ.

"ಆವತ್ತ ನೀವು ಚಾಳೀಸು ಹಾಕ್ಕೊಂಡಿದ್ರ್ಯೋ ಇಲ್ಲೋ?" ಎಂದು ಅವಳು ಮೊದಲ ಪ್ರಶ್ನೆಯನ್ನೇ ಎಸೆದಳು.

"ಹಾಕ್ಕೊಂಡಿದ್ದೆ."

"ಹಂಗಿದ್ರ ಕಾಗಿ ಬಂದು ಅರ್ಧಾ ಸಂಡಿಗಿ ತಿಂದು ಹೋಗಿದ್ದು ಯಾಕ ಕಾಣಲಿಲ್ಲ?"

ನಾನು ತಾಲೀಮನ್ನು ಕನ್ನಡಿಯ ಮುಂದಕ್ಕೆ ವರ್ಗಾಯಿಸಿದೆ.

ಸಮನ್ಸು ಬಂದ ದಿನ ಇಸ್ತ್ರಿ ಮಾಡಿದ ಅಂಗಿ ತೊಟ್ಟು ಕೋರ್ಟಿಗೆ ಹೋದೆ. ಹೊರಗಿನ ಬೆಂಚಿನ ಈ ತುದಿಗೆ ಶಂಕ್ರಣ್ಣ, ಆ ತುದಿಗೆ ರಾಯರು, ನಡುವೆ ನಾನು. ಸುಮ್ಮನೆ ಕೂಡುವುದೇಕೆಂದು, ಹೇಳಬೇಕಾದದ್ದನ್ನು ಇಬ್ಬರಿಗೂ ಕೇಳುವಂತೆ ಒಮ್ಮೆ ಒಪ್ಪಿಸಿದೆ. ಕುಡಗೋಲು ಯಾವ ಕೋನದಲ್ಲಿತ್ತು, ಶಂಕ್ರಣ್ಣ ಎಷ್ಟು ಸಲ "ಕೈ ಕಡೀತೇನಿ" ಅಂದ, ರಾಯರು ಅವನ ತಾಯಿಯ ಬಗ್ಗೆ ಏನಂದರು, ಪಂಚೆ ಬಿಚ್ಚಿಹೋದಾಗ ಯಾರು ಎಷ್ಟು ಹೊತ್ತು ಹಾಗೇ ನಿಂತಿದ್ದರು, ಒಂದನ್ನೂ ಬಿಡಲಿಲ್ಲ. ಇಬ್ಬರೂ ಗಂಭೀರವಾಗಿ ಕೇಳಿದರು. ಅಷ್ಟರಲ್ಲಿ ಕೇಸು ಮುಂದಕ್ಕೆ ಹೋಯಿತೆಂದು ಕೂಗಿದರು.

ವಾರ ಕಳೆಯುವುದರಲ್ಲಿ ಇಬ್ಬರೂ ರಾಜಿಯಾದ ಸುದ್ದಿ ಬಂತು. ನಾನು ನಂಬಲಿಲ್ಲ. ಶಂಕ್ರಣ್ಣನ ವಕೀಲರನ್ನೇ ಕೇಳಿದೆ. "ಖರೇ ಅದರಿ ಮಾಸ್ತರ. ಈ ಕಲಮಿಗೆ ಕೆಳಗಿನ ಕೋರ್ಟಿನ್ಯಾಗ ರಾಜಿ ನಡ್ಯಂಗಿಲ್ಲ, ಹೈಕೋರ್ಟಿನ್ಯಾಗ ರದ್ದು ಮಾಡಸ್ತೀವಿ. ನಿಮ್ಮ ಸಾಕ್ಷಿ ಇನ್ನ ಬೇಕಾಗಂಗಿಲ್ಲ," ಎಂದರು. ಕೊನೆಯ ಮಾತನ್ನು ಅವರು ಅಷ್ಟು ಸಂತೋಷದಿಂದ ಹೇಳಬೇಕಾಗಿರಲಿಲ್ಲ.

ಹೈಕೋರ್ಟಿಗೆ ಇಬ್ಬರೂ ಒಂದೇ ಕಾರಿನಲ್ಲಿ, ಹೆಂಡಂದಿರನ್ನು ಕರೆದುಕೊಂಡು ಹೋದರು. ನನ್ನನ್ನು ಯಾರೂ ಕರೆಯಲಿಲ್ಲ. ನಾನು ಬಸ್ಸಿನಲ್ಲಿ ಹೋಗಿ ಹಿಂದಿನ ಸಾಲಿನಲ್ಲಿ ಕೂತೆ. "ಯಾರ ಒತ್ತಾಯವೂ ಇಲ್ಲದೆ ರಾಜಿಯಾಗಿದ್ದೀರಾ?" ಎಂದು ನ್ಯಾಯಾಧೀಶರು ಕೇಳಿದರು. "ಹೌದ್ರಿ," ಎಂದು ಇಬ್ಬರೂ ಒಟ್ಟಿಗೇ ಕೈಮುಗಿದರು. ಹದಿನೆಂಟು ವರ್ಷದಲ್ಲಿ ಶಂಕ್ರಣ್ಣ ನನ್ನ ಜೊತೆ ಒಂದು ಮಾತನ್ನೂ ಒಟ್ಟಿಗೆ ಹೇಳಿದ್ದಿಲ್ಲ. ಕೇಸು ರದ್ದಾಯಿತು. ನಾನು ಕನ್ನಡಿಯ ಮುಂದೆ ನಿಂತು ಕಟ್ಟಿಕೊಂಡಿದ್ದೆಲ್ಲ ಒಂದೇ ನಿಮಿಷದಲ್ಲಿ ನೆಲಸಮವಾಯಿತು.

ನಿಜವಾದ ಉರಿ ಶುರುವಾದದ್ದು ಆಮೇಲೆ. ಶಂಕ್ರಣ್ಣ ರಾಯರ ಜೊತೆ ಕೆರೆಗೆ ಹೋಗತೊಡಗಿದ. ನಾನು ಕಿಟಕಿಯಿಂದ ನೋಡುತ್ತಿದ್ದೆ. ಒಬ್ಬರು ಕುಂಟಿದರೆ ಇನ್ನೊಬ್ಬರು ನಿಲ್ಲುತ್ತಿದ್ದರು. ನುಗ್ಗೆಸೊಪ್ಪು ಕಂಪೌಂಡಿನ ಮೇಲಿಂದ ಈಚೆ ಬರುತ್ತಿತ್ತು, ಜೋಳದ ರೊಟ್ಟಿ ಆಚೆ ಹೋಗುತ್ತಿತ್ತು. ನಾನೂ ಶಂಕ್ರಣ್ಣನ ಜೊತೆ ಎಂದಾದರೂ ಒಂದು ಒಳ್ಳೆಯ ಜಗಳ ಆಡಬೇಕಾಗಿತ್ತು ಎನಿಸಿತು. ಹದಿನೆಂಟು ವರ್ಷ ಸಭ್ಯನಾಗಿದ್ದು ಸಿಕ್ಕಿದ್ದೇನು?

ನಾಲ್ಕನೆಯ ದಿನ ತಡೆಯಲಾಗದೆ ಕೆರೆಯ ದಂಡೆಯಲ್ಲೇ ಅವರನ್ನು ಅಡ್ಡಗಟ್ಟಿದೆ. "ಏನ್ ಶಂಕ್ರಣ್ಣ, ನನ್ನ ಮರತೇ ಬಿಟ್ಟಿ?" ಎಂದೆ. 

ಶಂಕ್ರಣ್ಣ ತಲೆ ತಗ್ಗಿಸಿದ. "ಹಂಗಲ್ರಿ ಮಾಸ್ತರ. ನಿಮ್ಮ ಮುಂದ ಬರಾಕ ನಾಚಿಕಿ ಆಗಾಕತ್ತಿತ್ತು."

"ಯಾಕ?"

ಉತ್ತರ ಕೊಟ್ಟವರು ರಾಯರು. "ಆವತ್ತ ಬೆಂಚಿನ ಮ್ಯಾಲೆ ನೀವು ಹೇಳಿದ್ದು ಕೇಳಿದ ಮ್ಯಾಲೆ ನಮಗ ನಮ್ಮ ಮಾರಿ ಕಂಡ್ವು ನೋಡ್ರಿ. ಅವ್ವನ ಬಗ್ಗೆ ಅಂಥಾ ಮಾತು ನಾ ಅಂದೀನಿ ಅಂತ ನನಗ ನೆನಪೇ ಇರಲಿಲ್ಲ. ನೀವು ಎದ್ದು ಹ್ವಾದ ಮ್ಯಾಲೆ ಅಲ್ಲೇ ಇವರ ಕೈ ಹಿಡಕೊಂಡೆ."

"ಮತ್ತ ಇವರ ಪಂಚೆ ಮಾತು," ಎಂದ ಶಂಕ್ರಣ್ಣ. "ಜಡ್ಜ್ ಸಾಹೇಬರ ಮುಂದ ಅದನ್ನ ಹೇಳೂಕಿಂತ ರಾಜಿ ಆಗೂದು ಛಲೋ ಅಂದ್ರಂತ ಇವರ ವಕೀಲರು."

ಇಬ್ಬರೂ ನಗತೊಡಗಿದರು. ಅಂದರೆ ಯಾರೂ ಮಾಡಿಸಲಾಗದ ರಾಜಿಯನ್ನು ಮಾಡಿಸಿದವನು ನಾನು! ನನ್ನ ಎದೆ ಉಬ್ಬಿತು. ಮೂವರೂ ಮುಂದೆ ನಡೆದೆವು. ದಾರಿ ಅಗಲವಿರಲಿಲ್ಲ, ಇಬ್ಬರಿಗಷ್ಟೇ ಸಾಕಾಗುವಂತಿತ್ತು. ಪಂಚೆ ಬಿಚ್ಚಿ ನಿಂತದ್ದು ಒಂದು ನಿಮಿಷ ಎಂದು ಶಂಕ್ರಣ್ಣ, ಅರ್ಧ ನಿಮಿಷ ಎಂದು ರಾಯರು ವಾದಿಸುತ್ತ ಹೊರಟರು. ಹಿಂದೆ ನಡೆಯುತ್ತಿದ್ದ ನನಗೆ ನಲವತ್ತು ಸೆಕೆಂಡು ಎಂಬುದು ಖಚಿತವಾಗಿ ಗೊತ್ತಿತ್ತು. ಯಾರಾದರೂ ತಿರುಗಿ ಕೇಳುತ್ತಾರೇನೋ ಎಂದು ಕೆರೆಯ ಒಂದು ಪೂರ್ತಿ ಸುತ್ತು ಕಾದೆ.