ಬೀಗರು ಕೊಟ್ಟ ಗ್ರಹ

ಚನ್ನವೀರಮ್ಮ: ಮತ್ತ ಮುಂದಕ್ಕ ಹಾಕಿದ್ರೇನು? ನಾಳೆ ಕೂಸನ್ನ ತೊಟ್ಟಿಲಕ್ಕ ಹಾಕೋದೈತಿ, ಇವತ್ತ ನೀವು ಟರ್ನ್ ಲಿಮಿಟ್ ಮುಂದಕ್ಕ ಹಾಕೀರಿ!

ಮರಿಬಸಪ್ಪ: ನಾ ಹಾಕಿಲ್ಲ. ಬೀಗರು ಅಂದ್ರು, ನಾ ಹೂಂ ಅಂದೆ. ಬೀಗರ ಮಾತು ಮೀರಾಕ ಬರ್ತೈತೇನು?

ಚಿದಾನಂದಪ್ಪ: ನಾನೂ ಸುಮ್ನ ಅಂದಿಲ್ರಿ ಅಕ್ಕಾರ. ಬೀಗರು ಸೋಲೋ ಹಂಗ ಕಂಡ್ರು. ಹೆಣ್ಣು ಕೊಟ್ಟೋರನ್ನ, ಅವ್ರ ಮನ್ಯಾಗ ಕುಂತು, ಅವ್ರ ಒಗ್ಗರಣಿ-ಮಿರ್ಚಿ ತಿಂದು ಹೆಂಗ ಸೋಲಿಸ್ಲಿ?

ಮರಿಬಸಪ್ಪ: ಸೋಲೋ ಹಂಗ? ಯಾರು, ನಾನಾ? ಬೀಗರ, ನಿಮ್ಮ ಮಾನ ಉಳೀಲಿ ಅಂತ ನಾ ಕೈ ಬಿಗಿ ಹಿಡ್ಕೊಂಡು ಆಡಾಕತ್ತೀನಿ.

ಚನ್ನವೀರಮ್ಮ: ಇಬ್ರ ಮಾನಾನೂ ಉಳೀತು. ಕೂಸಿನ ಹೆಸರೊಂದು ಉಳೀಲಿಲ್ಲ.

ಮಾತು ನಡೆಯುತ್ತಿರುವುದು ಕುರುಗೋಡಿನಲ್ಲಿ, ಬೀಜದಂಗಡಿ ಮರಿಬಸಪ್ಪನವರ ಪಡಸಾಲೆಯಲ್ಲಿ. ಎದುರಿಗೆ ಕೂತವರು ಸಿರುಗುಪ್ಪದಲ್ಲಿ ಅಕ್ಕಿ ಗಿರಣಿ ನಡೆಸುವ ಚಿದಾನಂದಪ್ಪನವರು, ಅಂದರೆ ಅಳಿಯ ವೀರಭದ್ರನ ತಂದೆ. ಇಬ್ಬರ ನಡುವೆ ಒಂದು ಲ್ಯಾಪ್‌ಟಾಪು. ಅದರ ತುಂಬ ನಕ್ಷತ್ರ, ಗ್ರಹ, ದಂಡು.

ಈ ಆಟ ಹಚ್ಚಿಕೊಟ್ಟವಳು ಗಂಗೋತ್ರಿ, ಇವರ ಮಗಳು, ಅವರ ಸೊಸೆ. ಸೀಮಂತದ ದಿನ ಬೀಗರಿಬ್ಬರೂ 'ಕೂಸಿಗೆ ನಿಮ್ಮ ಹಿರಿಯರ ಹೆಸರೇ ಆಗಲಿ' ಎಂದು ಎಲೆಯ ಮುಂದೆ ಕೂತು ಹಟ ಹಿಡಿದಿದ್ದರು. ಬಾಯಲ್ಲಿ ಬೀಗರ ಹಿರಿಯರು, ಹೊಟ್ಟೆಯಲ್ಲಿ ತಮ್ಮ ತಮ್ಮ ಅವ್ವಂದಿರು. ಸಾರು ಆರಿ ತಣ್ಣಗಾದರೂ ಇಬ್ಬರೂ ಬಿಡಲಿಲ್ಲ. ಕಡೆಗೆ ಅವಳೇ, 'ಈ ಆಟ ಆಡ್ರಿ, ಗೆದ್ದೋರು ಹೆಸರಿಡ್ಲಿ' ಎಂದು ಕೂರಿಸಿದಳು. ಒಬ್ಬೊಬ್ಬರಿಗೆ ಒಂದೊಂದು ಸಾಮ್ರಾಜ್ಯ. ಎಲ್ಲರೂ ಒಮ್ಮೆ ಆಡಿದರೆ ಒಂದು ಟರ್ನ್. ಗೊತ್ತು ಮಾಡಿದ ಟರ್ನ್‌ಗಳು ಮುಗಿದಾಗ ಯಾರ ಅಂಕ ಹೆಚ್ಚೋ ಅವರು ಗೆದ್ದಂತೆ. ಆಟಕ್ಕೆ ಮೂವರಾದರೂ ಬೇಕೆಂದು ಯಂತ್ರ ಹಟ ಮಾಡಿದ್ದರಿಂದ, ಲೆಕ್ಕ ತುಂಬಲು ಮರಿಬಸಪ್ಪನವರ ಹೆಂಡತಿ ಚನ್ನವೀರಮ್ಮನವರನ್ನೂ ಸೇರಿಸಿಕೊಂಡರು.

ಆಮೇಲೆ ಹೆಣ್ಣು ಕೂಸು ಹುಟ್ಟಿತು. ಈಗ ಮಗ್ಗಲು ಹೊರಳುತ್ತಿದೆ. ಆಟ ಮಾತ್ರ ಮಗ್ಗಲು ಬದಲಿಸಿಲ್ಲ. ಕೊನೆ ಹತ್ತಿರ ಬಂದಾಗಲೆಲ್ಲ ಯಾರೋ ಒಬ್ಬರು ಹಿಂದೆ ಬಿದ್ದಿರುತ್ತಾರೆ, ಮರ್ಯಾದೆಯ ಹೆಸರಲ್ಲಿ ಲಿಮಿಟ್ ಹಿಗ್ಗುತ್ತದೆ.

ಚನ್ನವೀರಮ್ಮ: ಕೇಳ್ರಿ ಇಲ್ಲಿ. ಕಣಕ ನಾದಿಟ್ಟೀನಿ. ನಾ ಹೂರಣ ರುಬ್ಬೋದ್ರಾಗ ಮುಗೀಬೇಕು. ಇನ್ನೊಮ್ಮೆ ಮುಂದಕ್ಕ ಹಾಕಿದ್ರ ವೈರ್ ಕಿತ್ತು ಒಲಿಗೆ ಇಡ್ತೀನಿ.

ಮರಿಬಸಪ್ಪ: ವೈರಿಗೆ ಕೈ ಹಚ್ಚಬ್ಯಾಡ! ಬ್ಯಾಟರಿ ಸತ್ತೈತಿ ಅದರದು.

ಚನ್ನವೀರಮ್ಮ: ಆಡೋರದು ಗಟ್ಟಿ ಐತಲ್ಲ, ಅದ ಪುಣ್ಯ. ಸರೀರಿ, ನನ್ನ ಪಾಳಿ ಬಂತೇನು?

ಮರಿಬಸಪ್ಪ: ಬಂತು. ಆ ಮೂಲ್ಯಾಗಿನ ಹಸರ ಗ್ರಹ ನಿಂದು. ನೀ ಏನೂ ಮಾಡಬ್ಯಾಡ. 'ಮುಗೀತು' ಅಂತ ಒತ್ತು, ಹೋಗು.

ಚನ್ನವೀರಮ್ಮ: ನಾ ಏನ್ ಮಾಡ್ಲಿ? ನಂಗ ದಂಡು ಬರ್ತೈತೋ, ತೋಪು ಬರ್ತೈತೋ? ಬಿತ್ತಿ ಹೋಗ್ತೀನಿ.

ಹಿಟ್ಟಿನ ಕೈಯಲ್ಲೇ ನಾಲ್ಕು ಕಡೆ ಒತ್ತಿ ಒಳಗೆ ಹೋದರು. ಕೀಲಿಗಳ ಮೇಲೆ ಬೆಳ್ಳಗೆ ಬೆರಳಿನ ಗುರುತು ಉಳಿಯಿತು. ಬೀಗರಿಬ್ಬರೂ ಅದನ್ನು ನೋಡಲಿಲ್ಲ. ಅವರಿಗೆ ಒಬ್ಬರನ್ನೊಬ್ಬರು ನೋಡುವುದೇ ಸಾಕಾಗಿತ್ತು.

ಚಿದಾನಂದಪ್ಪ: ಬೀಗರ, ನಿಮಗೊಂದು ಸಣ್ಣ ಕಾಣಿಕಿ. ಕೆಂಪು ಗ್ರಹ. ಎರಡು ಚಂದ್ರ ಬ್ಯಾರೆ ಅದಾವ. ಬ್ಯಾಡ ಅನಬಾರ್ದು.

ಮರಿಬಸಪ್ಪ: ಗ್ರಹ ಲಕ್ಷಣ ಐತಿ. ಮಂದಿ ಭಾಳ ಕಾಣ್ತಾರಲ್ರಿ?

ಚಿದಾನಂದಪ್ಪ: ಮಂದಿ ಇದ್ರ ಮನಿ ಅಲ್ಲೇನ್ರಿ?

ಮರಿಬಸಪ್ಪ: ಅವ್ರಿಗೆ ಕಾಳು?

ಚಿದಾನಂದಪ್ಪ: ಕಾಳು ನೀವ ನೋಡ್ಕೋಬೇಕು. ಕೈ ದೊಡ್ಡದು ನಿಮ್ದು. ಮದುವ್ಯಾಗ ನೋಡೀನಲ್ಲ.

ಇದೇ ಈ ಆಟದ ಕುತ್ತು. ಹೊಟ್ಟೆಗಿಲ್ಲದ ಗ್ರಹ ಯಾರ ಬಳಿ ಇರುತ್ತದೋ ಅವರ ಅಂಕ ಇಳಿಯುತ್ತದೆ. ಬೀಗರು ಪ್ರೀತಿಯಿಂದ ಕೊಟ್ಟದ್ದನ್ನು ಬೇಡ ಎನ್ನುವ ಹಾಗಿಲ್ಲ. ತೆಗೆದುಕೊಂಡ ಮೇಲೆ ಮುಯ್ಯಿ ತೀರಿಸದೆ ಇರುವ ಹಾಗೂ ಇಲ್ಲ. ಮುಯ್ಯಿ ಎಂದರೆ ಬಂದಷ್ಟೇ ಹಿಂದಿರುಗಿಸಿದರೆ ಆಗುತ್ತದೆಯೇ, ಮೇಲೊಂದಿಷ್ಟು ಸೇರಿಸಬೇಡವೇ? ಮರಿಬಸಪ್ಪನವರು ಕನ್ನಡಕ ಏರಿಸಿ, ಕೆಂಪು ಗ್ರಹದ ಜೊತೆಗೆ ಹಿಡಿ ಹುಲ್ಲೂ ಬೆಳೆಯದ ಒಂದು ಮಂಜಿನ ಗ್ರಹವನ್ನೂ ಇಟ್ಟು ವಾಪಸು ಕಳಿಸಿದರು.

ಮರಿಬಸಪ್ಪ: ತಗೋರಿ. ಬರಿಗೈಲೆ ಕಳಿಸೋ ಮನಿ ಅಲ್ಲ ನಮ್ದು.

ಚಿದಾನಂದಪ್ಪ (ಬೆವರು ಒರೆಸಿಕೊಂಡು): ಅಯ್ಯ, ಇಷ್ಟೆಲ್ಲ ಯಾಕ್ರಿ? ಹಂಗಂದ್ರ ನಂದೂ ಇನ್ನೊಂದು ಇರ್ಲಿ.

ಮರಿಬಸಪ್ಪ: ಇರ್ಲಿ ಇರ್ಲಿ. ಅಲ್ರಿ, ನಿಮ್ಮ ದಂಡು ಯಾಕ ನಮ್ಮ ಗಡಿಯಾಗ ನಿಂತೈತಿ?

ಚಿದಾನಂದಪ್ಪ: ಕಾಣಿಕಿ ಮುಟ್ಟಿಸಾಕ ಬಂದೈತ್ರಿ. ಗ್ರಹ ಒಂದ ಕಳಿಸಿದ್ರ ಜನ ಏನಂದಾರು?

ಮರಿಬಸಪ್ಪ: ಕಾಣಿಕಿ ಮುಟ್ಟಿಸಾಕ ತೋಪು ತರ್ತಾರೇನು?

ಚಿದಾನಂದಪ್ಪ: ಬಾಜಾ-ಬಜಂತ್ರಿ ಈ ಆಟದಾಗ ಇಲ್ರಿ. ಇರೋದು ತೋಪ.

ಮರಿಬಸಪ್ಪ: ಬರೋಬ್ಬರಿ ಆತು. ನಮ್ಮ ದಂಡೂ ಎದುರುಗೊಳ್ಳಾಕ ಬರ್ತೈತಿ. ಅದರಾಗೂ ತೋಪ ಅದಾವ.

ಒಳಗೆ ಮಿಕ್ಸಿ ಗರಗರ ಎಂದು ನಿಂತಿತು. ಚನ್ನವೀರಮ್ಮ ಬಂದು ತಮ್ಮ ಪಾಳಿ ಒತ್ತಿ ಹೋದರು. ಮತ್ತೆ ಬಂದರು, ಒತ್ತಿದರು, ಹೋದರು. ಇತ್ತ ಕಾಣಿಕೆಯ ಮೇಲೆ ಕಾಣಿಕೆ ಬಿದ್ದು, ಯಾವ ಗ್ರಹ ಯಾರದೆಂದು ಬೀಗರಿಗೇ ನೆನಪಿರಲಿಲ್ಲ. ಕೊನೆಗೆ ಒಂದೇ ಟರ್ನ್ ಉಳಿದಾಗ ಮರಿಬಸಪ್ಪನವರ ಕೈ ತಡೆಯಿತು.

ಮರಿಬಸಪ್ಪ: ಬೀಗರ, ಒಂದು ಮಾತು ಹೇಳ್ಲೇನು? ಬೇಜಾರು ಮಾಡ್ಕೋಬಾರ್ದು.

ಚಿದಾನಂದಪ್ಪ: ಹೇಳ್ರಿ. ಲಿಮಿಟ್ ಮುಂದಕ್ಕ ಅಂತ ಮಾತ್ರ ಅನಬ್ಯಾಡ್ರಿ, ಅಕ್ಕಾರ ವೈರ್ ಕೀಳ್ತಾರ.

ಮರಿಬಸಪ್ಪ: ಅಲ್ರಿ. ನಂಗ ನಮ್ಮವ್ವನ ಹೆಸರು ಇಡಬೇಕಂತ ಆಸಿ ಐತಿ. ಹಂಪಮ್ಮ. ಆಕಿ ಹ್ವಾದಮ್ಯಾಲೆ ಆ ಹೆಸರು ಈ ಮನ್ಯಾಗ ಯಾರೂ ಕೂಗಿಲ್ಲ. ಒಮ್ಮೆ ಪಡಸಾಲ್ಯಾಗ ನಿಂತು 'ಹಂಪಮ್ಮಾ' ಅಂತ ಒದರಬೇಕು, ಯಾರಾರ ಒಬ್ರು ಓ ಅನಬೇಕು. ಅಷ್ಟ.

ಚಿದಾನಂದಪ್ಪನವರು ಲ್ಯಾಪ್‌ಟಾಪಿನಿಂದ ಕೈ ತೆಗೆದರು. ಅವರ ಕಣ್ಣು ತೇವವಾಗಿತ್ತು.

ಚಿದಾನಂದಪ್ಪ: ಮೊದಲ ಹೇಳಬಾರ್ದೇನ್ರಿ? ನಮ್ಮವ್ವ ನೀಲಮ್ಮ, ಒಬ್ಬಾಕಿನ ಭತ್ತ ನಾಟಿ ಮಾಡಿ ನನ್ನ ಸಾಲಿಗೆ ಕಳಿಸಿದಾಕಿ. ಕರೂರಿನ ಗದ್ದ್ಯಾಗ ನಿಂತು ನನ್ನ ಕರದ್ರ ಊರಿಗೇ ಕೇಳಸ್ತಿತ್ತು. ನನ್ನ ಆಸೀನೂ ಅದ ಐತ್ರಿ.

ಮರಿಬಸಪ್ಪ: ಹಂಗಾರ ನಿಮ್ಮವ್ವನ ಹೆಸರ ಇಡ್ರಿ.

ಚಿದಾನಂದಪ್ಪ: ಛೇ, ನಿಮ್ಮವ್ವನ ಹೆಸರ ಇಡ್ರಿ.

ಮರಿಬಸಪ್ಪ: ಇಲ್ರಿ, ನೀವು ಗಂಡಿನ ಕಡೆಯೋರು.

ಚಿದಾನಂದಪ್ಪ: ನೀವು ಬಾಣಂತನ ಮಾಡೀರಿ.

ಚನ್ನವೀರಮ್ಮ (ಬಾಗಿಲಿನಿಂದ): ಹೂರಣ ಆತು!

ಇಬ್ಬರೂ ಬೆಚ್ಚಿ ಗಡಿಬಿಡಿಯಲ್ಲಿ ಒತ್ತಿದರು. ಅಭ್ಯಾಸ ಬಿಡಬೇಕಲ್ಲ: ಒತ್ತುವಾಗ ಒಬ್ಬರಿಗೊಬ್ಬರು ತಲಾ ಎರಡು ಗ್ರಹ ಕಾಣಿಕೆಯನ್ನೂ ಕೊಟ್ಟುಕೊಂಡರು. ಚನ್ನವೀರಮ್ಮ ಕೊನೆಯ ಪಾಳಿ ಒತ್ತಿದರು. ಪರದೆ ಒಮ್ಮೆ ಕಪ್ಪಾಗಿ, ಅಂಕಗಳು ಮೂಡಿದವು. ಮರಿಬಸಪ್ಪನವರು ಕನ್ನಡಕ ತೆಗೆದು, ಒರೆಸಿ, ಮತ್ತೆ ಹಾಕಿಕೊಂಡು ನೋಡಿದರು.

ಮರಿಬಸಪ್ಪ: ಬೀಗರ, ನಿಮ್ಮ ಗ್ರಹ ಎಲ್ಲಿ ಹ್ವಾದ್ವು?

ಚಿದಾನಂದಪ್ಪ: ನಿಮ್ಮಾವು ಎಲ್ಲಿ ಅದಾವ? ನಾ ಕೊಟ್ಟ ಕೆಂಪು ಗ್ರಹ ಎಲ್ಲಿ?

ಮರಿಬಸಪ್ಪ: ಇಲ್ಲೆ ಮ್ಯಾಲೆ ಇದು ಯಾರ ಹೆಸರು? ಚನ್ನವೀರಮ್ಮ?! ಲೇ, ನಿನಗ ಏನೂ ಮಾಡಬ್ಯಾಡ ಅಂದಿದ್ನಲ್ಲ!

ಚನ್ನವೀರಮ್ಮ: ನಾ ಏನೂ ಮಾಡಿಲ್ರಿ. ಜ್ವಾಳ ಬಿತ್ತೀನಿ, ಅಷ್ಟ. ಬಂದ ಕಾಳು ಹಗೇವಕ್ಕ ತುಂಬಿಟ್ಟೀನಿ.

ಚಿದಾನಂದಪ್ಪ: ಬರೇ ಜ್ವಾಳಕ್ಕ ಇಷ್ಟು ಸಾಮ್ರಾಜ್ಯ ಹೆಂಗ ಬಂತ್ರಿ ಅಕ್ಕಾರ?

ಚನ್ನವೀರಮ್ಮ: ನೀವಿಬ್ರೂ ಮುಯ್ಯಿ ಮುಯ್ಯಿ ಅಂತ ಹಸದ ಮಂದೀನ ಆ ಮನಿಯಿಂದ ಈ ಮನಿಗೆ, ಈ ಮನಿಯಿಂದ ಆ ಮನಿಗೆ ಅಟ್ಟಿದ್ರಿ. ಒಬ್ರರ ಉಂಡ್ರೇನು ಅಂತ ಕೇಳಿದ್ರೇನ್ರಿ ಅಣ್ಣಾರ? ಅವ್ರು ನಿಮ್ಮಿಬ್ರ ಮ್ಯಾಲೂ ಸಿಟ್ಟಾಗಿ, ಒಲಿ ಹತ್ತಿದ ಮನಿ ನೋಡಿ ನನ್ನ ಕಡೆ ಬಂದ್ರು. ಬಂದೋರ್ನ ಹೋಗ್ರಿ ಅಂತೀನೇನು?

ಬೀಗರಿಬ್ಬರೂ ಮುಖ ಮುಖ ನೋಡಿಕೊಂಡರು. ಸೋತದ್ದಕ್ಕೆ ದುಃಖ ಪಡಬೇಕೋ, ಬೀಗರ ಕೈಯಲ್ಲಿ ಸೋಲಲಿಲ್ಲವಲ್ಲ ಎಂದು ಸಮಾಧಾನ ಪಡಬೇಕೋ ತಿಳಿಯಲಿಲ್ಲ. ಕಡೆಗೆ ಸಮಾಧಾನವೇ ಮೇಲಾಯಿತು.

ಚಿದಾನಂದಪ್ಪ: ಗೆದ್ದೋರು ಹೆಸರಿಡ್ಲಿ ಅಂತ ಮಾತಿತ್ತು, ಗೆದ್ದೋರದ ಹೆಸರಾಗ್ಲಿ. ಕೂಸಿಗೆ ಚನ್ನವೀರಮ್ಮ ಅಂತ ಇಡೋಣ್ರಿ.

ಮರಿಬಸಪ್ಪ: ಹೌದ್ರಿ ಬೀಗರ. ನಂದೂ ಅದ ಮಾತು.

ಚನ್ನವೀರಮ್ಮ: ಶಿವ ಶಿವಾ! ನಮ್ಮಾಗ ಸತ್ತೋರ ಹೆಸರಿಡ್ತಾರ. ನೀವಿಬ್ರೂ ಎಂದೂ ಒಂದ್ ಮಾತಿಗೆ ಹೂಂ ಅನಲಾರದೋರು, ನನ್ನ ಕಳಿಸಾಕ ಮಾತ್ರ ಎಷ್ಟು ಜಲ್ದಿ ಹೂಂ ಅಂದ್ರಿ! ನಂಗ ಇನ್ನಾ ಟರ್ನ್ ಅದಾವ್ರಿ.

ಚಿದಾನಂದಪ್ಪ: ತಪ್ಪಾತ್ರಿ ಅಕ್ಕಾರ. ಮತ್ತ ಹೆಸರು?

ಚನ್ನವೀರಮ್ಮ: ನಾಳೆ ಕೂಸಿನ ಒಂದು ಕಿವ್ಯಾಗ ಹಂಪಮ್ಮ ಅಂತೀವಿ, ಇನ್ನೊಂದು ಕಿವ್ಯಾಗ ನೀಲಮ್ಮ ಅಂತೀವಿ. ಎರಡೂ ಕಿವಿ ದೇವ್ರು ಅದಕ್ಕ ಕೊಟ್ಟಾನ. ದಿನಾ ಕರಿಯೋ ಹೆಸರು ಹಡದಾಕಿ ಇಡ್ಲಿ. ಗಂಗೋತ್ರೀ, ಏನಂತ ಕರೀತೀಯವ್ವ?

ಗಂಗೋತ್ರಿ (ಒಳಕೋಣೆಯಿಂದ): ಅಕ್ಷತಾ ಅಂತ. ಹುಟ್ಟಿದಾಗಿಂದ ಕರಿಯಾಕತ್ತೀನಿ, ಕೂಸು ತಿರುಗಿ ನೋಡ್ತೈತಿ. ನೀವು ಆಟದಾಗ ಇದ್ರಿ, ಕೇಳಿಸಿಲ್ಲ.

ಅಜ್ಜಂದಿರಿಬ್ಬರೂ 'ಅಕ್ಷತಾ' ಎಂದು ಮೆಲ್ಲಗೆ ಅಂದು ನೋಡಿದರು. ಒಳಗಿನಿಂದ ಕೂಸು ಕೇಕೆ ಹಾಕಿತು. ಇಬ್ಬರ ಮುಖವೂ ಅರಳಿತು. ಅರಳಿದ್ದು ಆರುವ ಮೊದಲೇ ಚಿದಾನಂದಪ್ಪನವರು ಲ್ಯಾಪ್‌ಟಾಪನ್ನು ತಮ್ಮ ಕಡೆ ಎಳೆದುಕೊಂಡರು.

ಚಿದಾನಂದಪ್ಪ: ಬೀಗರ, ಹೊಸ ಆಟ ಹೂಡೋಣೇನ್ರಿ? ಎರಡನೇ ಕೂಸಿನ ಹೆಸರಿಗೆ?

ಮರಿಬಸಪ್ಪ: ಹೂಡ್ರಿ ಹೂಡ್ರಿ. ಈ ಸಲ ಲಿಮಿಟ್ ಇಲ್ಲದಂಗ ಇಡೋಣ.

ಗಂಗೋತ್ರಿ: ಅಪ್ಪಾ! ಮಾವಾರ! ಆಟಕ್ಕ ಎಷ್ಟರ ಇಟ್ಕೋರಿ. ಕೂಸಿಗೆ ಲಿಮಿಟ್ ಇಟ್ಟಾಗೇತಿ. ಒಂದ!